ಓದುಗರ ಪ್ರಶ್ನೆ: ಪುಸ್ತಕದ ಬಗ್ಗೆ ಬರೆಯುವಾಗ ಇನ್ನೊಬ್ಬರ ಮಾತನ್ನು ಏನು ಮಾಡಬೇಕು?

ಈ ತಿಂಗಳು ಬಂದ ಪತ್ರಗಳಲ್ಲಿ ಹೆಚ್ಚಿನವು ಒಂದೇ ತೊಡಕನ್ನು ಬೇರೆ ಬೇರೆ ಬಾಯಿಯಿಂದ ಹೇಳುತ್ತವೆ. ಪುಸ್ತಕ ಓದಿದ್ದೇವೆ, ಅದರ ಬಗ್ಗೆ ಹಿಂದೆ ಬರೆದವರನ್ನೂ ಓದಿದ್ದೇವೆ, ಆದರೆ ಆ ಎರಡರ ನಡುವೆ ನಮ್ಮ ಮಾತು ಎಲ್ಲಿ ಶುರುವಾಗಬೇಕು ತಿಳಿಯುತ್ತಿಲ್ಲ ಎಂಬುದು ಆ ತೊಡಕು. ಆಯ್ದ ಏಳು ಪ್ರಶ್ನೆಗಳಿಗೆ ಇಲ್ಲಿ ಉತ್ತರಿಸಿದ್ದೇವೆ. ಗದಗಿನ ಓದುಗರು ತಮ್ಮ ಬರಹದ ತುಣುಕನ್ನೇ ಕಳಿಸಿದ್ದರಿಂದ ಅದಕ್ಕೆ ಹೆಚ್ಚು ಜಾಗ ಕೊಟ್ಟಿದ್ದೇವೆ.

ಎಂ.ಎ. ವಿದ್ಯಾರ್ಥಿನಿ, ಧಾರವಾಡ: ಕಾದಂಬರಿಯೊಂದರ ಮೇಲೆ ಹನ್ನೆರಡು ಪುಟದ ಪ್ರಬಂಧ ಬರೆದೆ. ಆರು ವಿಮರ್ಶಕರ ಅಭಿಪ್ರಾಯ ಸೇರಿಸಿದ್ದೇನೆ. "ಅವರ ಮಾತೂ ಆತು, ಇವರ ಮಾತೂ ಆತು, ನಿನ್ನ ಮಾತು ಎಲ್ಲೈತಿ?" ಅಂತ ಮಾರ್ಗದರ್ಶಕರು ಕೇಳಿದರು. ಆರು ಮಂದಿ ದೊಡ್ಡವರು ಹೇಳಿದ ಮೇಲೆ ನಾನು ಹೇಳೋದು ಏನು ಉಳೀತದ?

ನಿಮ್ಮ ಓದಿನ ಕ್ರಮವೇ ನಿಮ್ಮ ಬಾಯಿ ಕಟ್ಟಿದೆ. ವಿಮರ್ಶೆಯನ್ನು ಮೊದಲು ಓದಿ ಕಾದಂಬರಿಗೆ ಆಮೇಲೆ ಹೋದರೆ, ಅವರು ಬೆರಳು ಮಾಡಿದ ಕಡೆಯೇ ಕಣ್ಣು ಹೋಗುತ್ತದೆ. ಕಾದಂಬರಿ ಮುಗಿದ ದಿನವೇ, ಬೇರೆ ಯಾರದನ್ನೂ ತೆರೆಯುವ ಮುಂಚೆ, ಒಂದು ಪುಟ ಬರೆದಿಡಿ. ಎಲ್ಲಿ ನಿಂತಿರಿ, ಎಲ್ಲಿ ಬೇಸರವಾಯಿತು, ಯಾವ ಪಾತ್ರದ ನಡೆ ನಂಬಿಕೆ ಹುಟ್ಟಿಸಲಿಲ್ಲ, ಯಾವ ಸಾಲಿಗೆ ಗೆರೆ ಹಾಕಿದಿರಿ, ಪುಟ ಸಂಖ್ಯೆ ಸಮೇತ. ಚೆಂದದ ವಾಕ್ಯ ಬೇಡ, ತಾರೀಖು ಬೇಕು. ವಿಮರ್ಶಕರನ್ನು ಓದಿದ ಮೇಲೆ ಯಾವ ವಿಚಾರ ಮೊದಲೇ ನಿಮ್ಮಲ್ಲಿತ್ತು, ಯಾವುದು ಅವರಿಂದ ಬಂತು ಎಂದು ತೋರಿಸುವ ಸಾಕ್ಷಿ ಈ ಪುಟ ಒಂದೇ.

ಆಮೇಲೆ ಆರು ಜನರಲ್ಲಿ ಇಬ್ಬರನ್ನು ಇಟ್ಟುಕೊಳ್ಳಿ. ಯಾರು ದೊಡ್ಡವರು ಎಂದು ನೋಡಿ ಆರಿಸಬೇಡಿ. ನಿಮ್ಮ ಆ ಒಂದು ಪುಟಕ್ಕೆ ತಾಗುವ ಮಾತು ಯಾರದು ಎಂದು ನೋಡಿ. ಉಳಿದ ನಾಲ್ವರ ಮಾತು ನಿಮ್ಮ ವಾದಕ್ಕೆ ಬೇಕಿಲ್ಲದಿದ್ದರೆ ಅದು ಓದಿನ ಲೆಕ್ಕ ಒಪ್ಪಿಸಿದಂತೆ ಅಷ್ಟೇ.

ನೋಟ್‌ಬುಕ್ಕಿನ ಹಾಳೆಯ ನಡುವೆ ಉದ್ದಕ್ಕೆ ಗೆರೆ ಎಳೆಯಿರಿ. ಎಡಗಡೆ ವಿಮರ್ಶಕರ ಮಾತು, ಬಲಗಡೆ ಅದಕ್ಕೆ ಕಾದಂಬರಿಯಿಂದ ನಿಮಗೆ ಸಿಕ್ಕ ಸಾಲು. ಬಲಗಡೆಗೆ ನಿಮ್ಮ ಅಭಿಪ್ರಾಯ ಬರೆಯುವ ಆಸೆಯಾಗುತ್ತದೆ, ಬರೆಯಬೇಡಿ. ಕಾದಂಬರಿಯ ಸಾಲು ಮಾತ್ರ ಬರಲಿ. ಹತ್ತು ಮಾತು ಎಡಗಡೆ ಬಂದಾಗ ನಾಲ್ಕೈದಕ್ಕೆ ಬಲಗಡೆ ಖಾಲಿ ಉಳಿಯುವುದುಂಟು, ಇಲ್ಲವೇ ಎದುರು ಸಾಲು ಸಿಗುವುದುಂಟು. ನಿಮ್ಮ ಪ್ರಬಂಧ ಹುಟ್ಟುವುದು ಆ ಜಾಗಗಳಲ್ಲಿ. ವಿಮರ್ಶಕರು ಹೇಳಿದ್ದಕ್ಕೆ ಕಾದಂಬರಿಯಲ್ಲಿ ಆಧಾರ ಸಿಗದಿದ್ದರೆ, ಅವರು ಯಾವುದನ್ನು ನೋಡಿ ಹಾಗೆ ಹೇಳಿರಬಹುದು ಎಂಬುದೇ ಒಂದು ಪ್ರಶ್ನೆ. ಎದುರು ಸಾಲು ಸಿಕ್ಕರೆ ಅದು ಇನ್ನೂ ಗಟ್ಟಿಯಾದ ಪ್ರಶ್ನೆ.

ಕ್ರಿಯಾಪದಗಳ ಮೇಲೂ ಕಣ್ಣಿಡಿ. ನಿಮ್ಮ ಕರಡಿನಲ್ಲಿ "ಹೇಳುತ್ತಾರೆ" ಎಷ್ಟು ಸಲ ಬಂದಿದೆ ಎಣಿಸಿ. ವಿಮರ್ಶಕರು ಒಂದು ಕಡೆ ವಾದ ಹೂಡಿರುತ್ತಾರೆ, ಒಂದು ಕಡೆ ಬರಿಯ ಅನುಮಾನ ತೋರಿರುತ್ತಾರೆ, ಇನ್ನೊಂದು ಕಡೆ ಬೇರೆಯವರ ಮಾತಿಗೆ ತಲೆದೂಗಿ ಮುಂದೆ ಹೋಗಿರುತ್ತಾರೆ. ಮೂರಕ್ಕೂ "ಹೇಳುತ್ತಾರೆ" ಎಂದರೆ ಅವರ ಅನುಮಾನವನ್ನು ನೀವು ತೀರ್ಪು ಮಾಡಿದಂತಾಗುತ್ತದೆ. "ಶಂಕಿಸುತ್ತಾರೆ", "ಒತ್ತಿ ಹೇಳುತ್ತಾರೆ", "ಒಪ್ಪಿಕೊಂಡು ಮುಂದುವರಿಯುತ್ತಾರೆ" ಎಂದು ಸರಿಯಾದದ್ದನ್ನು ಹಾಕುವಷ್ಟರಲ್ಲಿ ಆ ಮಾತಿನ ತೂಕ ನಿಮಗೇ ಗೊತ್ತಾಗಿರುತ್ತದೆ. ಎಷ್ಟೋ ಸಲ ಉತ್ತರವೂ ಅಲ್ಲಿಯೇ ಹೊಳೆಯುತ್ತದೆ.

ಕುಮಾರವ್ಯಾಸನ ಓದುಗರು, ಗದಗ: ಲೇಖನವೊಂದರಲ್ಲಿ "ಕರ್ಣನ ಕಣ್ಣೀರು ಕೊನೆಗೆ ತನ್ನ ಪಾಡಿಗಾಗಿಯೇ ಹರಿಯುತ್ತದೆ" ಎಂಬ ಮಾತು ಓದಿದೆ. ಅದಕ್ಕೆ ಉತ್ತರವಾಗಿ ಹೀಗೆ ಬರೆದಿದ್ದೇನೆ: "ಕರ್ಣನ ಕಣ್ಣೀರು ತನಗಾಗಿ ಮಾತ್ರ ಎಂದು ವಿಮರ್ಶಕರೊಬ್ಬರು ಬರೆದಿದ್ದಾರೆ. ಇದು ಸಂಪೂರ್ಣ ತಪ್ಪು. ಕರ್ಣ ದಾನಶೂರ, ತ್ಯಾಗಮಯಿ. ತನಗಾಗಿ ಅಳುವವನಲ್ಲ. ವೀರನಾರಾಯಣನ ಸನ್ನಿಧಿಯ ಕವಿಯನ್ನು ಬಲ್ಲ ಯಾರೂ ಹೀಗೆ ಬರೆಯಲಾರರು." ಗೆಳೆಯರಿಗೆ ಹಿಡಿಸಿತು, ಆದರೆ ಸಂಪಾದಕರು ಹಿಂದಿರುಗಿಸಿದರು. ದೋಷ ಎಲ್ಲಿದೆ?

ಮೊದಲ ವಾಕ್ಯದಲ್ಲೇ ಇದೆ. ಲೇಖಕರು ಬರೆದದ್ದು "ಕೊನೆಗೆ". ನೀವು ಅದನ್ನು ಬಿಟ್ಟು "ಮಾತ್ರ" ಸೇರಿಸಿದಿರಿ. "ಕೊನೆಗೆ" ಎಂದರೆ ಅಳು ಬೇರೆಲ್ಲೋ ಶುರುವಾಗಿ ತನ್ನಲ್ಲಿಗೆ ಬಂದು ನಿಂತಿತು ಎಂದಾಗುತ್ತದೆ. "ಮಾತ್ರ" ಎಂದರೆ ಆ ದಾರಿಯೇ ಇಲ್ಲದಾಯಿತು. ಅವರು ಆಡದ ಮಾತಿಗೆ ನೀವು ಉತ್ತರ ಕೊಟ್ಟಿದ್ದೀರಿ. ಸಿಟ್ಟಿನಲ್ಲಿ ಬರೆಯುವಾಗ ಇನ್ನೊಬ್ಬರ ವಾಕ್ಯದಿಂದ ಮೊದಲು ಉದುರುವವು ಇಂಥ ಸಣ್ಣ ಪದಗಳೇ: ಬಹುಶಃ, ಹೆಚ್ಚಾಗಿ, ಕೆಲವೆಡೆ, ಕೊನೆಗೆ. ಆದ್ದರಿಂದ ಇನ್ನೊಬ್ಬರ ಮಾತನ್ನು ನಿಮ್ಮ ಮಾತಿನಲ್ಲಿ ಹೇಳಿದ ಮೇಲೆ ಮೂಲವನ್ನು ಪಕ್ಕಕ್ಕಿಟ್ಟುಕೊಂಡು ಇಂಥ ಪದಗಳನ್ನು ಒಂದೊಂದಾಗಿ ತಾಳೆ ನೋಡಿ. ಬರೆದವರೇ ಓದಿದರೂ "ಹೌದು, ನಾನು ಅಂದದ್ದು ಇದೇ" ಎನ್ನುವಂತಿರಬೇಕು. ನಮ್ಮ ಶಾಸ್ತ್ರಗ್ರಂಥಗಳು ಪೂರ್ವಪಕ್ಷವನ್ನು, ಅಂದರೆ ಎದುರಾಳಿಯ ವಾದವನ್ನು, ಮೊದಲು ಪೂರ್ತಿಯಾಗಿ ಮಂಡಿಸಿ, ಆಮೇಲೆ ತಮ್ಮ ತೀರ್ಮಾನವಾದ ಸಿದ್ಧಾಂತಕ್ಕೆ ಬರುತ್ತಿದ್ದ ರೀತಿ ನಿಮಗೆ ಗೊತ್ತಿರುವುದೇ. ಎದುರಾಳಿಯ ವಾದವನ್ನು ಸೊರಗಿಸಿ ಗೆದ್ದರೆ ಸಿದ್ಧಾಂತವೂ ಸೊರಗುತ್ತದೆ.

ಎರಡನೆಯದು, ದಾನಶೂರ ಎಂಬುದು ಈ ಸಂದರ್ಭಕ್ಕೆ ಸಾಕ್ಷಿಯಲ್ಲ. ಅದು ಕರ್ಣನ ಬಗ್ಗೆ ನಮಗೆ ಮೊದಲೇ ಇರುವ ತಿಳಿವಳಿಕೆ. ಗದಗಿನ ಅಭಿಮಾನವೂ ಸಾಕ್ಷಿಯಲ್ಲ, ಆ ಅಭಿಮಾನ ನಮಗೂ ಇದೆ. ಪ್ರಶ್ನೆ ಇರುವುದು ಕುಮಾರವ್ಯಾಸ ಭಾರತದ ಉದ್ಯೋಗಪರ್ವದ ಒಂದು ಸಂದರ್ಭದ ಬಗ್ಗೆ. ಕೃಷ್ಣ ಕರ್ಣನನ್ನು ರಥದಲ್ಲಿ ಕೂರಿಸಿಕೊಂಡು ಜನ್ಮದ ಗುಟ್ಟು ಹೇಳಿದಾಗ ಅವನ ಕಣ್ಣಲ್ಲಿ ನೀರು ಬರುತ್ತದೆ. ಅಲ್ಲಿಗೇ ಹೋಗಿ:

"ಕೊರಳ ಸೆರೆ ಹಿಗ್ಗಿದವು ದೃಗುಜಲ / ಉರವಣಿಸಿ ಕಡುನೊಂದನಕಟಾ / ಕುರುಪತಿಗೆ ಕೇಡಾದುದೆಂದನು ತನ್ನ ಮನದೊಳಗೆ / ಹರಿಯ ಹಗೆ ಹೊಗೆದೋರದುರುಹದೆ / ಬರಿದೆ ಹೋಹುದೆ ತನ್ನ ವಂಶವ / ನರುಹಿ ಕೊಂದನು ಹಲವು ಮಾತೇನೆಂದು ಚಿಂತಿಸಿದ"

ಒಂದೇ ಷಟ್ಪದಿ. ಮೊದಲರ್ಧದಲ್ಲಿ ಕಣ್ಣೀರು ಉಕ್ಕುತ್ತದೆ, ಅದರ ಬೆನ್ನಿಗೇ ಬರುವ ಮೊದಲ ಯೋಚನೆ "ಕುರುಪತಿಗೆ ಕೇಡಾದುದು". ದುರ್ಯೋಧನನ ಗತಿ ಏನು ಎಂಬ ಸಂಕಟ ಅದು. ಇದು ನಿಮ್ಮ ಪಕ್ಷಕ್ಕೆ ಬಲ ಕೊಡುವ ಸಾಲು, ನಿಮ್ಮ ಬರಹದಲ್ಲಿ ಅದು ಬಂದೇ ಇಲ್ಲ. ಎರಡನೆಯ ಅರ್ಧದಲ್ಲಿ ಯೋಚನೆ ತಿರುಗುತ್ತದೆ. ಹೊಗೆ ಕಾಣಿಸದೆಯೇ ಸುಡುವ ಹಗೆ ಕೃಷ್ಣನದು, ನನ್ನ ವಂಶ ಯಾವುದೆಂದು ತಿಳಿಸಿಯೇ ಕೊಂದನು. ಇಲ್ಲಿ ಕರ್ಣ ತನ್ನ ಸಾವನ್ನೇ ಕಾಣುತ್ತಿದ್ದಾನೆ. ಲೇಖಕರು "ಕೊನೆಗೆ" ಎಂದದ್ದು ಇದನ್ನು ನೋಡಿಯೇ ಇರಬೇಕು. ಅಂದರೆ ಈ ಷಟ್ಪದಿಯ ಮಟ್ಟಿಗೆ ಅವರ ಮಾತು ನಿಲ್ಲುತ್ತದೆ. ಅದನ್ನು ಒಪ್ಪಿಕೊಳ್ಳದೆ ನೀವು ಮುಂದೆ ಹೋಗುವಂತಿಲ್ಲ.

ಆದರೆ ಸಂದರ್ಭ ಅಲ್ಲಿಗೆ ಮುಗಿಯುವುದಿಲ್ಲ. ಮುಂದೆ ಕರ್ಣ ಬಾಯಿಬಿಟ್ಟು ಕೃಷ್ಣನಿಗೆ ಉತ್ತರಿಸುವಾಗ, "ಹೊರೆದ ದಾತಾರಂಗೆ ಹಗೆವರ ಶಿರವನರಿದೊಪ್ಪಿಸುವೆನೆಂಬೀ ಭರದೊಳಿರ್ದೆನು ಕೌರವೇಂದ್ರನ ಕೊಂದೆ ನೀನೆಂದ" ಎಂಬ ಮಾತು ಬರುತ್ತದೆ. ಸಾಕಿದ ಒಡೆಯನಿಗೆ ಹಗೆಗಳ ತಲೆ ಕಡಿದು ಒಪ್ಪಿಸುವ ಭರದಲ್ಲಿದ್ದೆ, ದುರ್ಯೋಧನನನ್ನು ನೀನು ಕೊಂದೆ ಎಂದು ಇದರ ಅರ್ಥ. ಮನದೊಳಗೆ "ಕೊಂದನು" ಎಂದಾಗ ಸತ್ತವನು ತಾನು. ಬಾಯಿಬಿಟ್ಟು "ಕೊಂದೆ" ಎಂದಾಗ ಸತ್ತವನು ಒಡೆಯ. ಕೊಲ್ಲುವ ಕ್ರಿಯೆ ಎರಡು ಕಡೆಯೂ ಒಂದೇ, ಗುರಿ ಬೇರೆ. ನೀವು ಭಿನ್ನಮತ ಹೂಡಬೇಕಾದದ್ದು ಇಲ್ಲಿ. ಇಷ್ಟನ್ನು ಇಟ್ಟುಕೊಂಡು ನಿಮ್ಮ ಪರಿಚ್ಛೇದ ಹೀಗಾಗಬಹುದು:

"ಕರ್ಣನ ಕಣ್ಣೀರು 'ಕೊನೆಗೆ ತನ್ನ ಪಾಡಿಗಾಗಿಯೇ ಹರಿಯುತ್ತದೆ' ಎಂಬ ಮಾತಿಗೆ ಉದ್ಯೋಗಪರ್ವದ 'ಕೊರಳ ಸೆರೆ' ಷಟ್ಪದಿಯಲ್ಲಿ ಆಧಾರವಿದೆ. ದುರ್ಯೋಧನನ ಕೇಡಿನಿಂದ ಶುರುವಾದ ಯೋಚನೆ ಅಲ್ಲಿ ತನ್ನ ಸಾವಿಗೆ ಬಂದು ನಿಲ್ಲುತ್ತದೆ. ಆದರೆ ಅದು ಮನದೊಳಗಿನ ಮಾತು. ಕೃಷ್ಣನೆದುರು ಬಾಯಿಬಿಟ್ಟಾಗ ಕರ್ಣ 'ಕೌರವೇಂದ್ರನ ಕೊಂದೆ ನೀನು' ಎನ್ನುತ್ತಾನೆ. ತನ್ನ ಸಾವನ್ನು ಕಂಡವನು ಅದನ್ನು ನುಂಗಿ ಒಡೆಯನ ಸಾವನ್ನು ಮುಂದಿಡುತ್ತಾನೆ. ಆದ್ದರಿಂದ ಆ ಷಟ್ಪದಿಯನ್ನು ಕೊನೆ ಎಂದು ಹಿಡಿಯದೆ, ಈ ಉತ್ತರದವರೆಗೆ ಓದಬೇಕು ಎನಿಸುತ್ತದೆ."

ಸಿಟ್ಟು ಹೋಯಿತು, ವಾದ ಗಟ್ಟಿಯಾಯಿತು. ಲೇಖಕರಿಗೆ ಈಗ ಮರುಮಾತಾಡಲು ಜಾಗವೂ ಸಿಕ್ಕಿತು. ಬಾಯಿಮಾತಿಗಿಂತ ಮನದ ಮಾತೇ ನಿಜ ಎಂದು ಅವರು ವಾದಿಸಬಹುದು, ಅದೂ ಒಳ್ಳೆಯ ವಾದವೇ. ಕಳಿಸುವ ಮುಂಚೆ ಒಂದು ಕೆಲಸ ಉಳಿದಿದೆ: ನೀವು ಬಳಸಿದ ಮುದ್ರಣ ಯಾವುದೆಂದು ಹೇಳಿ, ಪರ್ವ, ಸಂಧಿ, ಪದ್ಯಸಂಖ್ಯೆ ಕೊಡಿ. ಕಾವ್ಯವನ್ನು ಸಂಪಾದಿಸಿದವರು ಬದಲಾದಂತೆ ಪಾಠಾಂತರವೂ, ಅಂದರೆ ಸಾಲಿನ ಪದಗಳೂ, ಪದ್ಯದ ಎಣಿಕೆಯೂ ಬದಲಾಗುವುದುಂಟು. ಸಂಖ್ಯೆ ಇಲ್ಲದ ಸಾಲನ್ನು ಹುಡುಕಲು ಓದುಗರು ಇಡೀ ಪರ್ವ ಮಗುಚಬೇಕಾಗುತ್ತದೆ.

ಪುಸ್ತಕ ಪರಿಚಯ ಬರೆಯುವವರು, ವಿದ್ಯಾನಗರ, ಹುಬ್ಬಳ್ಳಿ: ಹಿರಿಯರ ಅಭಿಪ್ರಾಯ ಒಪ್ಪಿಗೆಯಾಗುವುದಿಲ್ಲ. ಆದರೆ ಎದುರು ಬರೆದರೆ "ನಿನ್ನೆ ಬಂದಾವ ದೊಡ್ಡವರಿಗೆ ಹೇಳ್ತಾನ" ಅಂತಾರೆ. ಮರ್ಯಾದೆಯೂ ಉಳಿಯಬೇಕು, ಮಾತೂ ಉಳಿಯಬೇಕು. ಹೇಗೆ?

ಮರ್ಯಾದೆಗೆಂದು ಎರಡು ಪರಿಚ್ಛೇದ ಹೊಗಳಿ ಆಮೇಲೆ "ಆದರೂ" ಎನ್ನುವ ರೂಢಿ ನಮ್ಮಲ್ಲಿದೆ. ಅದನ್ನು ಬಿಡಿ. ಓದುಗರು ಆ "ಆದರೂ"ಗೆ ಕಾಯುತ್ತಲೇ ಇರುತ್ತಾರೆ, ಹೊಗಳಿಕೆ ಹುಸಿಯಾಗಿ ಕೇಳುತ್ತದೆ. ಹಿರಿಯರ ಮಾತನ್ನು ಅವರದೇ ಪದಗಳಲ್ಲಿ ಸರಿಯಾಗಿ ಎತ್ತಿಕೊಡುವುದೇ ಅವರಿಗೆ ಸಲ್ಲುವ ದೊಡ್ಡ ಮರ್ಯಾದೆ.

ಆಮೇಲೆ, ಅವರು ಯಾವಾಗ ಬರೆದರು ಎಂದು ನೋಡಿ. ಗದಗಿನಲ್ಲಿ ಹುಟ್ಟಿದ ವಿಮರ್ಶಕ ಕೀರ್ತಿನಾಥ ಕುರ್ತಕೋಟಿಯವರ 'ಯುಗಧರ್ಮ ಹಾಗೂ ಸಾಹಿತ್ಯ ದರ್ಶನ' 1962ರದು. ಆಧುನಿಕ ಕನ್ನಡ ಸಾಹಿತ್ಯವನ್ನು ಕುರಿತ ಆ ಪುಸ್ತಕ ಇಂದಿಗೂ ಚರ್ಚೆಗೆ ಬರುತ್ತದೆ, ಬರಬೇಕಾದದ್ದೂ ಹೌದು. ಆದರೆ ದಲಿತ, ಬಂಡಾಯ ಬರಹ ಅದರಲ್ಲಿಲ್ಲ ಎಂದು ಆಕ್ಷೇಪಿಸಿದರೆ ಅದು ಆಕ್ಷೇಪವೇ ಅಲ್ಲ, ಆ ಚಳವಳಿಗಳು ಕಟ್ಟಿಕೊಂಡದ್ದು ಎಪ್ಪತ್ತರ ದಶಕದಲ್ಲಿ. "ಅಲ್ಲಿ ಬಳಸಿದ ಅಳತೆಗೋಲು ಆಮೇಲೆ ಬಂದ ಬರಹಕ್ಕೆ ಒದಗುತ್ತದೆಯೇ?" ಎಂದು ಕೇಳಿದರೆ ಅದು ಪ್ರಶ್ನೆ. ಇನ್ನೊಬ್ಬರ ವಿಚಾರಕ್ಕೆ ಇಸವಿ ಹಚ್ಚಿ ಓದುವುದರಿಂದ ನಿಮ್ಮ ಭಿನ್ನಮತ ತಾನಾಗಿ ಸಭ್ಯವಾಗುತ್ತದೆ. ಅವರು ಎಲ್ಲಿ ನಿಂತು ನೋಡಿದರು, ನೀವು ಎಲ್ಲಿ ನಿಂತಿದ್ದೀರಿ ಎಂಬುದು ಓದುಗರಿಗೆ ಕಾಣುತ್ತದೆ.

ನಮ್ಮ ಹಳೆಯ ತರ್ಕಶಾಸ್ತ್ರವಾದ ನ್ಯಾಯಶಾಸ್ತ್ರ ಚರ್ಚೆಯನ್ನು ಮೂರು ಬಗೆಯಾಗಿ ವಿಂಗಡಿಸಿದೆ. ತತ್ತ್ವ ತಿಳಿಯಲೆಂದು ನಡೆಯುವುದು ವಾದ. ಗೆಲ್ಲಲೆಂದು ನಡೆಯುವುದು ಜಲ್ಪ. ತನ್ನದೊಂದು ಪಕ್ಷವನ್ನು ಇಡದೆ ಎದುರಿನವರದನ್ನು ಬರಿದೇ ಕೆಡವುವುದು ವಿತಂಡ. ನಿಮ್ಮ ಬರಹ ಮುಗಿದ ಮೇಲೆ ಈ ಮೂರನ್ನು ಇಟ್ಟು ನೋಡಿ. "ಅವರದು ತಪ್ಪು" ಎಂಬಲ್ಲಿಗೆ ಬರಹ ಮುಗಿದಿದ್ದರೆ, ಹಾಗಾದರೆ ಆ ಕೃತಿಯನ್ನು ಹೇಗೆ ಓದಬೇಕು ಎಂಬ ನಿಮ್ಮ ಪಕ್ಷ ಇಲ್ಲದಿದ್ದರೆ, ಎಷ್ಟೇ ನಯವಾಗಿದ್ದರೂ ಅದು ವಿತಂಡವೇ. ಕೊನೆಯ ಪರಿಚ್ಛೇದದಲ್ಲಿ ಹಿರಿಯರ ಹೆಸರೇ ಬರಬಾರದು, ಕೃತಿ ಮತ್ತು ನಿಮ್ಮ ಓದು ಇಷ್ಟೇ ಇರಲಿ.

ಇನ್ನೊಂದು. ಧಾರವಾಡದ ವಿಮರ್ಶೆ ಬೆಳೆದದ್ದೇ ಹಿರಿಯರ ಎದುರು ಕಿರಿಯರು ಮಾತಾಡಿದ್ದರಿಂದ. 'ಸಂಕ್ರಮಣ' ಸಾಹಿತ್ಯ ಪತ್ರಿಕೆ ಇಲ್ಲಿ 1964ರಲ್ಲಿ ಶುರುವಾದಾಗ ಅದನ್ನು ಹೊರಡಿಸಿದ ಚಂದ್ರಶೇಖರ ಪಾಟೀಲ, ಗಿರಡ್ಡಿ ಗೋವಿಂದರಾಜ, ಸಿದ್ಧಲಿಂಗ ಪಟ್ಟಣಶೆಟ್ಟಿ ಮೂವರೂ ಇಪ್ಪತ್ತರ ಹರೆಯದವರು. ಹಳೆಯ ಸಾಹಿತ್ಯ ಪತ್ರಿಕೆಗಳ ಸಂಚಿಕೆ ಯಾವುದಾದರೂ ಗ್ರಂಥಾಲಯದಲ್ಲಿ ಸಿಕ್ಕರೆ ಒಂದು ಲೇಖನ, ಅದಕ್ಕೆ ಬಂದ ಪ್ರತಿಕ್ರಿಯೆ, ಆ ಪ್ರತಿಕ್ರಿಯೆಗೆ ಬಂದ ಉತ್ತರ ಇವನ್ನು ಸಾಲಾಗಿ ಓದಿ. ಮಾತು ಎಲ್ಲಿ ವಿಷಯ ಬಿಟ್ಟು ವ್ಯಕ್ತಿಯ ಮೇಲೆ ಹೊರಳುತ್ತದೆ ಎಂದು ಪೆನ್ಸಿಲಿನಲ್ಲಿ ಗುರುತಿಸುತ್ತಾ ಹೋಗಿ. ಬರಹ ಕಲಿಯಲು ಇಂಥ ಪಾಠ ಬೇರೆ ಸಿಗದು.

ಪ್ರೌಢಶಾಲೆಯ ಕನ್ನಡ ಶಿಕ್ಷಕಿ, ಹಾವೇರಿ ಜಿಲ್ಲೆ: ಒಂಬತ್ತನೆಯ ತರಗತಿಯ ಮಕ್ಕಳಿಗೆ ಪುಸ್ತಕದ ಬಗ್ಗೆ ಬರೆಯಲು ಹೇಳಿದರೆ ಬೆನ್ನುಡಿ ನಕಲು ಮಾಡುತ್ತಾರೆ. ಗೆಳೆಯರ ಅಭಿಪ್ರಾಯಕ್ಕೆ ಉತ್ತರಿಸಿ ಅಂದರೆ "ಚೆನ್ನಾಗಿ ಬರೆದಿದ್ದಾನೆ" ಅಂತ ಒಂದೇ ಸಾಲು. ನಲವತ್ತು ನಿಮಿಷದ ಅವಧಿಯಲ್ಲಿ ಮಾಡಿಸಬಹುದಾದ್ದು ಏನಾದರೂ ಇದೆಯೇ?

ಇದೆ. ಪುಸ್ತಕದಿಂದ ಶುರು ಮಾಡಬೇಡಿ, ಹನ್ನೆರಡರಿಂದ ಹದಿನಾರು ಸಾಲಿನ ಒಂದು ಪದ್ಯ ಸಾಕು. ಸರ್ವಜ್ಞನ ನಾಲ್ಕು ತ್ರಿಪದಿ ಕೊಟ್ಟರೂ ಆದೀತು, ಅಷ್ಟಕ್ಕೇ ಹನ್ನೆರಡು ಸಾಲಾಯಿತು. ಎಲ್ಲರ ಕಣ್ಣೆದುರು ಅದೇ ಪಠ್ಯವಿರುವುದರಿಂದ ಓದಿಲ್ಲ ಎಂಬ ನೆಪ ಇರುವುದಿಲ್ಲ, ಬೆನ್ನುಡಿಯೂ ಇರುವುದಿಲ್ಲ. ನಾಲ್ಕು ನಾಲ್ಕು ಮಕ್ಕಳ ಗುಂಪು ಮಾಡಿ. ಮೊದಲ ಐದು ನಿಮಿಷ ಗಟ್ಟಿಯಾಗಿ ಎರಡು ಸಲ ಓದಿಸಿ. ಮುಂದಿನ ಎಂಟು ನಿಮಿಷ ಪ್ರತಿಯೊಬ್ಬರೂ ಒಂದು ಚೀಟಿಯಲ್ಲಿ ಎರಡು ವಾಕ್ಯ ಬರೆಯಲಿ: ತನಗೆ ಅನಿಸಿದ್ದು, ಮತ್ತು ಯಾವ ಸಾಲಿನಿಂದ ಹಾಗನಿಸಿತು ಎಂಬುದು. ಸಾಲು ಇಲ್ಲದ ಚೀಟಿಯನ್ನು ವಾಪಸು ಕೊಡಿ.

ಆಮೇಲೆ ಚೀಟಿ ಬಲಗಡೆಯವರಿಗೆ ಹೋಗಲಿ. ಚೀಟಿ ಪಡೆದ ಮಗು ಅದರ ಕೆಳಗೆ ಗೆಳತಿ ಹೇಳಿದ್ದನ್ನು ತನ್ನ ಮಾತಿನಲ್ಲಿ ಒಂದು ವಾಕ್ಯದಲ್ಲಿ ಬರೆಯಬೇಕು. ಚೀಟಿ ಮೊದಲು ಬರೆದವಳ ಕೈಗೆ ಹಿಂದಿರುಗಬೇಕು. ಆಕೆ "ಹೌದು, ನಾ ಹೇಳಿದ್ದು ಇದೇ" ಎಂದು ಸರಿ ಗುರುತು ಹಾಕುವ ತನಕ ಮುಂದಿನ ಹಂತ ಇಲ್ಲ. ಇದಕ್ಕೆ ಹತ್ತು ನಿಮಿಷ ಕೊಡಿ. ಅವಸರದಲ್ಲಿ ಈ ಹಂತವನ್ನು ಬಿಟ್ಟರೆ ಇಡೀ ಚಟುವಟಿಕೆ ಮತ್ತೆ "ಚೆನ್ನಾಗಿದೆ"ಗೆ ಬಂದು ನಿಲ್ಲುತ್ತದೆ. ಗೆಳತಿ ಏನು ಹೇಳಿದಳು ಎಂದು ಕೇಳಿಸಿಕೊಳ್ಳದೆಯೂ ಹೊಗಳಬಹುದು, ಅವಳ ಮಾತನ್ನು ತಿರುಗಿ ಹೇಳಲು ಕೇಳಿಸಿಕೊಳ್ಳಲೇಬೇಕು. ಗುರುತು ಬಿದ್ದ ಮೇಲೆ ಮಗು ತನ್ನ ಉತ್ತರ ಬರೆಯಲಿ, ಗೆಳತಿ ಬಳಸದ ಬೇರೆ ಒಂದು ಸಾಲನ್ನು ಹಿಡಿದು. ಒಪ್ಪಿದರೂ ಬೇರೆ ಸಾಲು ಬೇಕು, ಒಪ್ಪದಿದ್ದರೂ ಬೇರೆ ಸಾಲು ಬೇಕು. ಉಳಿದ ಹೊತ್ತಿನಲ್ಲಿ ಎರಡು ಮೂರು ಚೀಟಿ ಗಟ್ಟಿಯಾಗಿ ಓದಿಸಿ.

ಎರಡು ಕಡೆ ಕೆಡುತ್ತದೆ. ತರಗತಿಯ ಜಾಣ ಮಗುವಿನ ಚೀಟಿ ಮೊದಲು ಓದಿಸಿದರೆ ಉಳಿದವರು ತಮ್ಮದನ್ನು ಅಳಿಸಿ ಅದನ್ನೇ ಬರೆಯುತ್ತಾರೆ, ಆದ್ದರಿಂದ ಅದನ್ನು ಕೊನೆಗೆ ಇಡಿ. ಇನ್ನೊಂದು, ನೀವು ನಡುವೆ "ಸರಿ", "ತಪ್ಪು" ಅಂದರೆ ಮಕ್ಕಳು ಪದ್ಯ ನೋಡುವುದು ಬಿಟ್ಟು ನಿಮ್ಮ ಮುಖ ನೋಡುತ್ತಾರೆ. "ಯಾವ ಸಾಲು?" ಎಂಬ ಒಂದೇ ಪ್ರಶ್ನೆ ಕೇಳುತ್ತಿರಿ. ಬರಹದಲ್ಲಿ ಮಕ್ಕಳ ಆಡುಮಾತು ಬಂದರೆ ಬರಲಿ ಬಿಡಿ, ಈ ಅವಧಿಯಲ್ಲಿ ಅದನ್ನು ತಿದ್ದುವುದು ಬೇಡ.

ಹವ್ಯಾಸಿ ಬರಹಗಾರರು, ರಾಣೆಬೆನ್ನೂರು: ಇನ್ನೊಬ್ಬರ ವಿಚಾರವನ್ನು ನನ್ನ ಮಾತಿನಲ್ಲಿ ಬರೆದರೆ ಹೆಸರು ಹಾಕಬೇಕೇ? ಎಷ್ಟು ಸಾಲು ಉದ್ಧರಿಸಬಹುದು?

ವಿಚಾರ ಅವರದಾದರೆ ಹೆಸರು ಹಾಕಲೇಬೇಕು, ಮಾತು ಯಾರದ್ದೇ ಇರಲಿ. "ದುಃಖ" ಇದ್ದಲ್ಲಿ "ಸಂಕಟ" ಹಾಕಿ, ವಾಕ್ಯದ ಹಿಂದುಮುಂದು ಬದಲಿಸಿದರೆ ಅದು ನಿಮ್ಮದಾಗುವುದಿಲ್ಲ, ಕಳವೇ. ಪುಸ್ತಕ ಎದುರಿಗಿಟ್ಟುಕೊಂಡು ಸಾರಾಂಶ ಬರೆಯುವುದರಿಂದಲೇ ಹೀಗಾಗುತ್ತದೆ. ಓದಿ, ಮುಚ್ಚಿ, ಒಂದು ಲೋಟ ನೀರು ಕುಡಿದು ಬಂದು, ನೆನಪಿನಿಂದ ಬರೆಯಿರಿ. ಆಮೇಲೆ ತೆರೆದು ತಾಳೆ ನೋಡಿ. ಮೂಲದ ನುಡಿಗಟ್ಟು ಹಾಗೆಯೇ ಬಂದಿದ್ದರೆ ಅದಕ್ಕೆ ಉದ್ಧರಣ ಚಿಹ್ನೆ ಹಾಕಿ.

ಉದ್ಧರಣೆಯ ಅಳತೆ ನಿಮ್ಮ ಬರಹದ ಅಳತೆಗೆ ತಕ್ಕಂತೆ ಇರಲಿ. ಎಂಟುನೂರು ಪದದ ಪರಿಚಯದಲ್ಲಿ ಬೇರೆ ವಿಮರ್ಶಕರ ಮಾತು ಎಲ್ಲ ಸೇರಿ ನೂರು ಪದ ದಾಟದಿದ್ದರೆ ಒಳ್ಳೆಯದು. ಕೃತಿಯದೇ ಸಾಲುಗಳಿಗೆ ಇನ್ನಷ್ಟು ಜಾಗ ಕೊಡಬಹುದು. ಉದ್ಧರಿಸಿದ ಪ್ರತಿ ಸಾಲಿಗೂ ಕೆಳಗೆ ನಿಮ್ಮ ಎರಡು ಸಾಲು ಇರಬೇಕು. ನಡುವೆ ಬಿಟ್ಟ ಭಾಗಕ್ಕೆ ಮೂರು ಚುಕ್ಕಿ ಹಾಕಿ, ಆದರೆ ಬಿಟ್ಟ ಭಾಗದಲ್ಲಿ "ಅಲ್ಲ", "ಆದರೆ" ಇಲ್ಲ ಎಂದು ಖಾತ್ರಿ ಮಾಡಿಕೊಳ್ಳಿ. ಮೂಲ ಪುಸ್ತಕ ನೋಡದೆ ಬೇರೆಯವರ ಲೇಖನದಿಂದ ಸಾಲು ಎತ್ತಿದ್ದರೆ ಹಾಗೆಂದೇ ಬರೆಯಿರಿ. ಇಲ್ಲದಿದ್ದಲ್ಲಿ, ಆ ಲೇಖನದಲ್ಲಿ ಅಚ್ಚಿನ ತಪ್ಪಿದ್ದರೆ ಅದು ನಿಮ್ಮ ತಲೆಗೆ ಬರುತ್ತದೆ.

ಓದುಗರ ಬಳಗದ ಸದಸ್ಯೆ, ಹುಬ್ಬಳ್ಳಿ: ತಿಂಗಳಿಗೊಮ್ಮೆ ಹತ್ತು ಮಂದಿ ಸೇರಿ ಒಂದು ಪುಸ್ತಕ ಚರ್ಚಿಸುತ್ತೇವೆ. ಅಲ್ಲಿ ಕೇಳಿದ ಒಂದು ಮಾತಿನಿಂದ ನನ್ನ ಅಭಿಪ್ರಾಯವೇ ಬದಲಾಯಿತು. ಬರಹದಲ್ಲಿ ಅದನ್ನು ಹೇಗೆ ತರುವುದು? ಮೊದಲಿನ ಅಭಿಪ್ರಾಯವನ್ನು ಬಚ್ಚಿಡಬೇಕೇ?

ಬಚ್ಚಿಡಬೇಡಿ, ಅದೇ ನಿಮ್ಮ ಬರಹದ ಜೀವ. ಮೊದಲು ಹೇಗೆ ಓದಿದ್ದಿರಿ, ಯಾವ ಮಾತು ಕೇಳಿದಿರಿ, ಮನೆಗೆ ಬಂದು ಪುಸ್ತಕದ ಯಾವ ಪುಟಕ್ಕೆ ಮರಳಿದಿರಿ, ಈಗ ಹೇಗೆ ಕಾಣುತ್ತದೆ, ಇದೇ ಕ್ರಮದಲ್ಲಿ ಬರಲಿ. ಮೂರನೆಯದನ್ನು ಬಿಟ್ಟರೆ ಅದು ಕೃತಿಯಿಂದ ಆದ ಬದಲಾವಣೆಯಾಗಿ ಕಾಣುವುದಿಲ್ಲ, ಮಾತಾಡಿದವರ ಪ್ರಭಾವದಿಂದ ಆದದ್ದಾಗಿ ಕಾಣುತ್ತದೆ.

ಬಾಯಿಮಾತಿಗೆ ಪುಟಸಂಖ್ಯೆ ಇಲ್ಲ, ಆದ್ದರಿಂದ ಅಂದು ರಾತ್ರಿಯೇ ಬರೆದಿಟ್ಟುಕೊಳ್ಳಿ. ಎರಡು ದಿನ ಬಿಟ್ಟರೆ ಅವರ ಮಾತೂ ನಿಮ್ಮ ಮಾತೂ ಕಲಸಿಹೋಗುತ್ತವೆ. ಅಚ್ಚಿಗೆ ಕೊಡುವ ಮುಂಚೆ ಆ ಸಾಲನ್ನು ಆಡಿದವರಿಗೆ ತೋರಿಸಿ ಒಪ್ಪಿಗೆ ಪಡೆಯಿರಿ, ಹೆಸರು ಬೇಡವೆಂದರೆ "ಬಳಗದ ಓದುಗರೊಬ್ಬರು" ಎಂದರೆ ಸಾಕು. ಚಹಾ ಕುಡಿಯುತ್ತಾ ಆಡಿದ ಮಾತು ಅರೆಬರೆಯಾಗಿರುವುದು ಸಹಜ. ನೀವು ಅದನ್ನು ಬರಹಕ್ಕಿಳಿಸುವಾಗ ಅವರಿಗೆ ಪೂರ್ತಿ ಮಾಡುವ ಅವಕಾಶ ಸಿಗಲಿ.

ಉಪನ್ಯಾಸಕರು, ಗದಗ: ನಾನು ಬರೆದ ವಿಮರ್ಶೆಗೆ ಪತ್ರಿಕೆಯಲ್ಲಿ ಕಟುವಾದ ಪ್ರತಿಕ್ರಿಯೆ ಬಂದಿದೆ. ಉತ್ತರ ಬರೆಯಲೇ, ಸುಮ್ಮನಿರಲೇ?

ಮೊದಲು ಪ್ರತಿಕ್ರಿಯೆಯನ್ನು ಅಚ್ಚಾದ ಹಾಳೆಯ ಮೇಲೆ ಮೂರು ಬಣ್ಣದಲ್ಲಿ ಗುರುತು ಮಾಡಿ. ಒಂದು ಬಣ್ಣ ಸಂಗತಿಯ ದೋಷಗಳಿಗೆ, ಅಂದರೆ ಇಸವಿ, ಹೆಸರು, ಯಾರು ಏನು ಹೇಳಿದರು ಎಂಬುದಕ್ಕೆ. ಇನ್ನೊಂದು ಓದಿನ ಭೇದಕ್ಕೆ, ಅದೇ ಸಾಲನ್ನು ಅವರು ಬೇರೆಯಾಗಿ ಅರ್ಥೈಸಿದ ಕಡೆಗೆ. ಮೂರನೆಯದು ರುಚಿಭೇದಕ್ಕೆ ಮತ್ತು ಬೈಗುಳಕ್ಕೆ.

ಸಂಗತಿಯ ದೋಷ ನಿಜವಾಗಿದ್ದರೆ ಉತ್ತರ ಬರೆಯಲೇಬೇಕು, ಮೊದಲ ವಾಕ್ಯದಲ್ಲೇ ತಿದ್ದುಪಡಿ ಬರಬೇಕು, ಸಮಜಾಯಿಷಿ ಇಲ್ಲದೆ. ನಿಮ್ಮ ವಿಮರ್ಶೆ ಓದಿದವರು ಆ ತಪ್ಪನ್ನು ಇನ್ನೊಂದು ಕಡೆಗೆ ಒಯ್ಯಬಾರದಲ್ಲ. ಓದಿನ ಭೇದಗಳಲ್ಲಿ ಅತ್ಯಂತ ಗಟ್ಟಿಯಾದ ಒಂದನ್ನು ಆರಿಸಿ ಅದಕ್ಕೆ ಮಾತ್ರ ಉತ್ತರಿಸಿ. ಸುಲಭವಾದ್ದನ್ನು ಆರಿಸುವ ಮನಸ್ಸಾಗುತ್ತದೆ, ಓದುಗರು ಅದನ್ನು ತಕ್ಷಣ ಗುರುತಿಸುತ್ತಾರೆ. ಮೂರನೆಯ ಬಣ್ಣದ ಒಂದು ಸಾಲನ್ನೂ ಮುಟ್ಟಬೇಡಿ.

ಉತ್ತರ ಅವರ ಪ್ರತಿಕ್ರಿಯೆಯ ಅರ್ಧದಷ್ಟು ಉದ್ದವಿದ್ದರೆ ಸಾಕು. ಆ ಉತ್ತರವನ್ನು, ಪುಸ್ತಕ ಇನ್ನೂ ಓದದ ಒಬ್ಬರಿಗೆ ಕೊಟ್ಟು ಓದಿಸಿ. ಜಗಳ ಯಾವುದರ ಬಗ್ಗೆ ಎಂದು ಅವರಿಗೆ ತಿಳಿಯದಿದ್ದರೆ, ಪ್ರತಿಕ್ರಿಯೆ ಬರೆದವರ ಮಾತನ್ನು ನೀವು ಸರಿಯಾಗಿ ಎತ್ತಿಕೊಟ್ಟಿಲ್ಲ ಎಂದರ್ಥ, ಆ ಭಾಗವನ್ನು ಮತ್ತೆ ಬರೆಯಿರಿ. ತಿಳಿದು, "ಆ ಪುಸ್ತಕ ಎಲ್ಲಿ ಸಿಗುತ್ತದೆ?" ಎಂದು ಕೇಳಿದರೆ ಕಳಿಸಿ.